ಆರು ತ್ರಿಭುಜಗಳ ಘನಕ್ಕೆ ನಾನು ಕೊಟ್ಟ ಸೊನ್ನೆ

ಮೂವತ್ತಮೂರು ವರ್ಷ ಹೈಸ್ಕೂಲು ಮಕ್ಕಳಿಗೆ ಗಣಿತ ಹೇಳಿಕೊಟ್ಟೆ. ಮೊದಲು ನರಗುಂದ, ಆಮೇಲೆ ರೋಣ, ಕೊನೆಗೆ ಗಜೇಂದ್ರಗಡ. ಹೊಸದಾಗಿ ಕೆಲಸಕ್ಕೆ ಸೇರಿದ ಶಿಕ್ಷಕಿಯರು ಈಗ ಮನೆಗೆ ಬಂದು, ನಿಮ್ಮ ಅನುಭವ ಹೇಳ್ರಿ ಟೀಚರ್ ಎನ್ನುತ್ತಾರೆ. ಹೇಳಲು ಕೂತರೆ ನನಗೆ ಬಡ್ತಿಯ ಆದೇಶ ನೆನಪಾಗುವುದಿಲ್ಲ, ಬೀಳ್ಕೊಡುಗೆಯ ಶಾಲೂ ನೆನಪಾಗುವುದಿಲ್ಲ. ನಾನು ದಂಗುಬಡಿದು ನಿಂತ ಗಳಿಗೆಗಳೇ ಒಂದರ ಹಿಂದೆ ಒಂದು ಎದುರಿಗೆ ಬರುತ್ತವೆ. ವಿಚಿತ್ರವೆಂದರೆ ಅವೆಲ್ಲ ಒಂದೇ ಪಾಠಕ್ಕೆ ಸೇರಿದವು. ಅದು ಘನಾಕೃತಿಗಳ ಪಾಠ. ವರ್ಷಕ್ಕೆ ನಾಲ್ಕೈದು ಪೀರಿಯಡ್ಡಿನಲ್ಲಿ ಮುಗಿಯುವ ಸಣ್ಣ ಪಾಠ.

ಎಲ್ಲ ಬಾಹು, ಎಲ್ಲ ಕೋನ ಸಮನಾಗಿರುವ ಆಕೃತಿಗೆ ನಿಯಮಿತ ಬಹುಭುಜ ಎನ್ನುತ್ತೇವೆ. ಸಮಬಾಹು ತ್ರಿಭುಜ, ಚೌಕ, ಪಂಚಭುಜ, ಹೀಗೆ. ಇಂಥವನ್ನು ಅಂಚಿಗೆ ಅಂಚು ಕೂಡಿಸಿ, ಎಲ್ಲೂ ತಗ್ಗು ಬೀಳದಂತೆ ಎಲ್ಲ ಕಡೆಯಿಂದ ಮುಚ್ಚಿದರೆ ಒಂದು ಉಬ್ಬು ಘನಾಕೃತಿ ಆಗುತ್ತದೆ. ದಾಳ ಅಂಥದೊಂದು. ಇಷ್ಟು ತಿಳಿದರೆ ನಾನು ಮುಂದೆ ಹೇಳುವುದೆಲ್ಲ ತಿಳಿಯುತ್ತದೆ.

ನರಗುಂದದಲ್ಲಿ ನಾನು ಕೆಲಸಕ್ಕೆ ಸೇರಿದ ಮೊದಲ ವರ್ಷವೇ ತಪಾಸಣೆಗೆ ಒಬ್ಬ ಅಧಿಕಾರಿ ಬಂದರು. ಅವರೆದುರು ಚಲೋ ಪಾಠ ಮಾಡಬೇಕೆಂಬ ಹುಮ್ಮಸ್ಸಿನಲ್ಲಿ ನಾನು ಪುಸ್ತಕದಲ್ಲಿಲ್ಲದ ಮಾತೊಂದನ್ನು ಆಡಿದೆ. ಮಕ್ಕಳು ಆಡುವ ಫುಟ್ಬಾಲನ್ನು ಹಲಗೆಯ ಮೇಲೆ ಬರೆದು, ಬರೀ ಷಡ್ಭುಜಗಳನ್ನು ಜೋಡಿಸುತ್ತ ಹೋದರೆ ಇದು ಆಗುತ್ತದೆ ಎಂದೆ. ಹಿಂದಿನ ಬೆಂಚಿನಲ್ಲಿ ಕೂತಿದ್ದ ಅಧಿಕಾರಿ ಎದ್ದು ಬಂದು, ಮಾಡಿ ತೋರಿಸಿ ಎಂದರು. ರಟ್ಟು ತರಿಸಿದೆ. ಆರು ಬಾಹುವಿನ ತುಂಡುಗಳನ್ನು ಕತ್ತರಿಸಿ ಅಂಟು ಹಚ್ಚುತ್ತ ಹೋದೆ. ಒಂದು ಮೂಲೆಯಲ್ಲಿ ಮೂರು ಷಡ್ಭುಜ ಕೂಡಿಸಿದಾಗ ಅವು ಮೇಜಿನ ಮೇಲೆ ಚಪ್ಪಟೆಯಾಗಿ ಕೂತವು. ಇನ್ನೂ ಹಚ್ಚಿದೆ. ಇನ್ನೂ ಚಪ್ಪಟೆ. ಇಡೀ ಮೇಜು ಜೇನುಹುಟ್ಟಿನ ತಟ್ಟೆಯಂತಾಯಿತು, ಒಂದು ಬೆರಳಿನಷ್ಟೂ ಮೇಲೆ ಏಳಲಿಲ್ಲ. ಒಂದು ಕೋನ ನೂರಿಪ್ಪತ್ತು ಡಿಗ್ರಿ, ಮೂರು ಕೂಡಿದರೆ ಮುನ್ನೂರರವತ್ತು. ಅದು ಬಾಗಲು ಜಾಗವೇ ಇಲ್ಲ ಎಂಬುದು ನನಗೆ ಆ ಮೇಜಿನ ಮುಂದೆ ನಿಂತಾಗ ಹೊಳೆಯಿತು. ಫುಟ್ಬಾಲಿನಲ್ಲಿ ನಡುನಡುವೆ ಪಂಚಭುಜಗಳಿರುವುದನ್ನು ನಾನು ಕಣ್ಣಾರೆ ನೋಡಿಯೂ ನೋಡಿರಲಿಲ್ಲ.

ಅಧಿಕಾರಿ ಮಕ್ಕಳ ಎದುರಿಗೇ ಹೇಳಿದರು: "ಟೀಚರ್, ಪುಸ್ತಕದಾಗ ಇದ್ದಷ್ಟ ಹೇಳ್ರಿ. ಅದಕ್ಕಿಂತ ಹೆಚ್ಚಿಂದು ನಿಮ್ಮಿಂದ ಆಗೂದಿಲ್ಲ."

ಅಂಗೈ ತುಂಬ ಅಂಟು, ಕಣ್ಣಲ್ಲಿ ನೀರು. ಆ ದಿನ ನಾನು ಎರಡು ಸಂಗತಿ ಕಲಿತೆ. ಒಂದು, ಷಡ್ಭುಜಗಳಿಂದಷ್ಟೇ ಘನ ಆಗುವುದಿಲ್ಲ ಎಂಬುದು. ಇನ್ನೊಂದು, ಪುಸ್ತಕ ಬಿಟ್ಟು ಒಂದು ಹೆಜ್ಜೆ ಆಚೆ ಇಡಬಾರದು ಎಂಬುದು. ಎರಡನೆಯದನ್ನು ಕಲಿಯದೇ ಇದ್ದಿದ್ದರೆ ಮುಂದಿನದು ನಡೆಯುತ್ತಿರಲಿಲ್ಲ.

ನರಗುಂದದಿಂದ ರೋಣಕ್ಕೆ ವರ್ಗವಾಗಿ ಬಂದೆ. ಅಲ್ಲಿ ಒಂಬತ್ತನೇ ತರಗತಿಯಲ್ಲಿ ಶಿವಲೀಲಾ ಎಂಬ ಹುಡುಗಿ ಇದ್ದಳು. ಅಸೂಟಿ ಎಂಬ ಹಳ್ಳಿಯಿಂದ ಬಸ್ಸಿಗೆ ಬರುತ್ತಿದ್ದಳು. ತಾಯಿಗೆ ಆರಾಮವಿಲ್ಲದೆ ಆ ವರ್ಷ ಬಹಳ ದಿನ ಸಾಲಿಗೆ ಬರಲಿಲ್ಲ. ಬೀಜಗಣಿತದಲ್ಲಿ ತೀರ ಹಿಂದೆ ಬಿದ್ದಿದ್ದಳು. ನನ್ನ ಕಣ್ಣಿಗೆ ಆಕೆ ದಡ್ಡಿ. ಅಷ್ಟೇ.

ವಾರ್ಷಿಕ ಪರೀಕ್ಷೆಗೆ ಪ್ರಶ್ನೆಪತ್ರಿಕೆ ತೆಗೆದವಳು ನಾನೇ. ಅದರಲ್ಲಿ ಎರಡು ಅಂಕದ ಒಂದು ಪ್ರಶ್ನೆ: ಸಮಬಾಹು ತ್ರಿಭುಜಗಳನ್ನು ಮಾತ್ರ ಮುಖಗಳಾಗಿ ಹೊಂದಿರುವ ಉಬ್ಬು ಘನಾಕೃತಿಗಳು ಎಷ್ಟು, ಯಾವುವು? ನನ್ನ ಉತ್ತರ ಮೂರು. ನಾಲ್ಕು ಮುಖದ್ದು, ಎಂಟು ಮುಖದ್ದು, ಇಪ್ಪತ್ತು ಮುಖದ್ದು. ಪುಸ್ತಕದಲ್ಲಿ ಇದ್ದದ್ದು ಅವೇ. ಆದರೆ ಪುಸ್ತಕದಲ್ಲಿ ಇನ್ನೊಂದು ಶರತ್ತೂ ಇತ್ತು: ಪ್ರತಿಯೊಂದು ಮೂಲೆಯಲ್ಲೂ ಅಷ್ಟಷ್ಟೇ ಮುಖಗಳು ಕೂಡಬೇಕು. ಆ ಸಾಲನ್ನು ನಾನು ಪಾಠದಲ್ಲೂ ಓದಿ ದಾಟಿಸಿದ್ದೆ, ಪ್ರಶ್ನೆಯಲ್ಲೂ ಬರೆಯಲಿಲ್ಲ. ಬರೆಯಬೇಕೆಂದು ಹೊಳೆಯಲೂ ಇಲ್ಲ.

ಶಿವಲೀಲಾ ಆ ಮೂರನ್ನೂ ಬರೆದು, ಕೆಳಗೆ ಹೀಗೆ ಬರೆದಿದ್ದಳು: ನಾಲ್ಕು ಮುಖದ ಎರಡು ಘನಗಳನ್ನು ಒಂದರ ಬುಡಕ್ಕೆ ಇನ್ನೊಂದರ ಬುಡ ಹಚ್ಚಿದರೆ ಆರು ಮುಖದ್ದು ಆಗುತ್ತದೆ. ಐದು ತ್ರಿಭುಜದ ಟೊಪ್ಪಿಗೆ ಎರಡು ಮಾಡಿ ಕೂಡಿಸಿದರೆ ಹತ್ತು ಮುಖದ್ದು ಆಗುತ್ತದೆ. ಇನ್ನೂ ಇರಬಹುದು. ಪಕ್ಕದಲ್ಲಿ ಸೂತ್ರ ಹಾಕಿ ತಾಳೆ ನೋಡಿದ್ದಳು. ಮುಖ ಆರು, ಮೂಲೆ ಐದು, ಅಂಚು ಒಂಬತ್ತು. ಮುಖ ಹತ್ತು, ಮೂಲೆ ಏಳು, ಅಂಚು ಹದಿನೈದು. ಮುಖ ಮತ್ತು ಮೂಲೆ ಕೂಡಿಸಿದರೆ ಅಂಚಿಗಿಂತ ಎರಡು ಹೆಚ್ಚು. ಲೆಕ್ಕ ಸರಿಯಾಗಿತ್ತು. ನಾನು ಅದನ್ನು ಓದಲಿಲ್ಲ. ಪುಸ್ತಕದಲ್ಲಿಲ್ಲದ್ದು ಕಂಡ ಕೂಡಲೇ ಅಡ್ಡಗೆರೆ ಎಳೆದು ಸೊನ್ನೆ ಹಾಕಿದೆ. ಮೂರು ಸರಿಯಾಗಿ ಬರೆದದ್ದಕ್ಕೂ ಅಂಕ ಕೊಡಲಿಲ್ಲ; ತಪ್ಪು ಸೇರಿಸಿದ್ದಾಳೆ, ಊಹೆ ಮಾಡಿ ಬರೆದಿದ್ದಾಳೆ ಅಂದುಕೊಂಡೆ.

ಗಣಿತದಲ್ಲಿ ಒಟ್ಟು ಮೂವತ್ತಮೂರು ಬಂತು. ಪಾಸಾಗಲು ಮೂವತ್ತೈದು ಬೇಕು.

ಅಲ್ಲಿನ ಹೆಡ್ ಮಾಸ್ತರರು ವಯಸ್ಸಾದವರು, ಮೆತ್ತಗಿನ ಮನುಷ್ಯ. ನನ್ನನ್ನು ಕರೆದು, ಎರಡು ಅಂಕದ ಮಾತು, ನೋಡಿ ಹಾಕಿಬಿಡಿ, ಹಳ್ಳಿಯಿಂದ ಬರುವ ಹೆಣ್ಣುಮಗಳು ಎಂದು ಹೇಳಿದರು. ನಾನು ಒಪ್ಪಲಿಲ್ಲ. ಒಬ್ಬರಿಗೆ ಹಾಕಿದರೆ ಎಲ್ಲರಿಗೂ ಹಾಕಬೇಕಾಗುತ್ತದೆ, ಗಣಿತದಲ್ಲಿ ದಯೆಗೆ ಜಾಗವಿಲ್ಲ ಎಂದೆ. ಆ ಮಾತಿನ ಬಗ್ಗೆ ನನಗೆ ಎಷ್ಟೋ ವರ್ಷ ಹೆಮ್ಮೆ ಇತ್ತು. ಅದನ್ನು ಬರೆಯಲು ಈಗ ಕೈ ತಡೆಯುತ್ತದೆ.

ಫಲಿತಾಂಶ ಹಚ್ಚಿದ ಮರುದಿನ ಶಿವಲೀಲಾ ಸ್ಟಾಫ್ ರೂಮಿನ ಬಾಗಿಲಿಗೆ ಬಂದು ನಿಂತಳು. ಜೋಳದ ದಂಟಿನ ಸಿಬಿರು, ಅದರೊಳಗಿನ ಮೆತ್ತನೆಯ ಬೆಂಡಿನ ತುಣುಕು ಕೂಡಿಸಿ ಒಂದು ಆಕೃತಿ ಮಾಡಿಕೊಂಡು ಬಂದಿದ್ದಳು. ಸಣ್ಣ ಮಕ್ಕಳು ಅದರಿಂದ ಬಂಡಿ, ಎತ್ತು ಮಾಡಿ ಆಡುತ್ತಾರಲ್ಲ, ಹಾಗೆ. "ಟೀಚರ್ರೀ, ಆರು ಮುಖದ್ದು ಆಗತೈತ್ರಿ, ನೋಡ್ರಿ," ಎಂದು ಕೈ ಚಾಚಿದಳು. ನಾನು ಕೈಯಲ್ಲಿ ಹಿಡಿದೆನೇ ಹೊರತು ನೋಡಲಿಲ್ಲ. ಪುಸ್ತಕದಾಗ ಐತೇನ ಎಂದು ಕೇಳಿದೆ. ಇಲ್ರಿ ಅಂದಳು. ಹಂಗಾರ ಇದು ಆಟದ ಸಾಮಾನು, ಮನೀಗೆ ಒಯ್ಯಿ ಎಂದು ಮೇಜಿನ ಮೇಲೆ ಕುಕ್ಕಿದೆ. ಒಂದು ಸಿಬಿರು ಬಿಚ್ಚಿಕೊಂಡಿತು. ಅದನ್ನು ಹೆಕ್ಕಿಕೊಂಡು ಹೋದಳು. ಜೂನಿನಲ್ಲಿ ಸಾಲಿ ಸುರುವಾದಾಗ ಆಕೆ ಬರಲಿಲ್ಲ. ಹಾಜರಿ ಪುಸ್ತಕದಲ್ಲಿ ಹೆಸರು ಹೊಡೆದುಹಾಕಿದಾಗ ನನಗೆ ಏನೂ ಅನ್ನಿಸಲಿಲ್ಲ.

ಇದಾಗಿ ಬಹಳ ವರ್ಷಗಳ ಮೇಲೆ ಗಜೇಂದ್ರಗಡಕ್ಕೆ ಬಂದೆ. ಅಷ್ಟೊತ್ತಿಗೆ ಪಾಠದ ರೀತಿ ಬದಲಾಗಿತ್ತು. ಮುಟ್ಟಿ ತಿಳಿಯಬೇಕು, ಮಾಡಿ ಕಲಿಯಬೇಕು ಎಂಬ ಆದೇಶಗಳು ಬರತೊಡಗಿದವು. ಸಾಲಿಯಲ್ಲಿ ಗಣಿತದ ಕೋಣೆ ಆಗಬೇಕೆಂದು ಅಲ್ಲಿನ ಹೆಡ್ ಮಾಸ್ತರರು ಪಟ್ಟು ಹಿಡಿದರು. ಕಟ್ಟಿಗೆಯ ಘನಾಕೃತಿಗಳನ್ನು ಮಾಡಿಸಲು ಇಟಗಿಯ ಮೌನೇಶಪ್ಪ ಎಂಬ ಬಡಿಗನನ್ನು ಕರೆಸಿದೆವು. ಮಾತು ಕಮ್ಮಿ, ಕೈ ಭಾಳ ಶುದ್ಧ. ನಾನು ಚಿತ್ರ ಬರೆದುಕೊಟ್ಟೆ, ಆತ ತುಂಡು ಕೊಯ್ದು ಕೂಡಿಸಿದ. ಅವುಗಳಲ್ಲಿ ಎಲ್ಲಕ್ಕಿಂತ ದೊಡ್ಡದು ಇಪ್ಪತ್ತಾರು ಮುಖದ್ದು. ಹದಿನೆಂಟು ಚೌಕ, ಎಂಟು ತ್ರಿಭುಜ. ಪ್ರತಿ ಮೂಲೆಯಲ್ಲಿ ಮೂರು ಚೌಕ, ಒಂದು ತ್ರಿಭುಜ. ತಂದಿಟ್ಟಾಗ ಮುಖ ಎಣಿಸಿದೆ, ಇಪ್ಪತ್ತಾರು. ಮೂಲೆ ಎಣಿಸಿದೆ, ಇಪ್ಪತ್ತನಾಲ್ಕು. ಬರೋಬ್ಬರಿ ಐತಿ ಎಂದೆ. ಎಂಟು ವರ್ಷ ಅದನ್ನು ಹಿಡಿದು ಪಾಠ ಮಾಡಿದೆ.

ನನ್ನ ನಿವೃತ್ತಿಗೆ ಒಂದು ವರ್ಷ ಉಳಿದಿದ್ದಾಗ ಸಾಲಿಗೆ ಪರದೆ ಬಂತು, ಕಂಪ್ಯೂಟರ್ ಬಂತು. ಜೊತೆಗೆ ಒಬ್ಬಳು ಹೊಸ ಗಣಿತ ಶಿಕ್ಷಕಿಯೂ ಬಂದಳು. ಪರದೆಯ ಮೇಲೆ ಆಕೆ ಘನಾಕೃತಿಗಳನ್ನು ತಿರುಗಿಸಿ ತೋರಿಸುತ್ತಿದ್ದಳು. ನಾನು ಕಟ್ಟಿಗೆಯದನ್ನು ಪಕ್ಕದಲ್ಲಿ ಹಿಡಿದು ನಿಂತಿದ್ದೆ. ಪರದೆಯದರಲ್ಲಿ ಮೇಲಿನ ಚೌಕದಿಂದ ಕೆಳಗೆ ಬೆರಳು ಆಡಿಸುತ್ತ ಹೋದರೆ ಚೌಕದ ಕೆಳಗೆ ಚೌಕ, ಅದರ ಕೆಳಗೆ ಚೌಕ, ಬುಡದವರೆಗೂ ಚೌಕ. ನನ್ನ ಕೈಯಲ್ಲಿದ್ದುದರಲ್ಲಿ ನಡುವಿನ ಚೌಕ ದಾಟಿದ ಕೂಡಲೇ ಬೆರಳಿಗೆ ತ್ರಿಭುಜ ಸಿಕ್ಕಿತು. ಇನ್ನೊಂದು ಕಡೆಯಿಂದ ನೋಡಿದೆ. ಅಲ್ಲೂ ತ್ರಿಭುಜ. ಎಂಟು ವರ್ಷ ಮಕ್ಕಳಿಗೆ ಬೇರೆಯದನ್ನೇ ತೋರಿಸಿ, ಇದು ಅದೇ ಎಂದು ಹೇಳಿದ್ದೆ. ಎಣಿಕೆ ಎಲ್ಲ ಸರಿ. ಆಕೃತಿ ಬೇರೆ.

ಸಂಜೆಯೇ ಮೌನೇಶಪ್ಪನನ್ನು ಕರೆಸಿ, ಇದು ಹ್ಯಾಂಗ ತಪ್ಪಿತು ಎಂದು ಕೇಳಿದೆ. ಆತನಿಗೆ ಅಚ್ಚರಿಯೇ ಆಗಲಿಲ್ಲ.

"ತಪ್ಪಿಲ್ರಿ ಟೀಚರ್. ಮೊದಲ ನಿಮ್ಮ ಚಿತ್ರದಾಗಿನಂಗ ಕೂಡಿಸಿದ್ನಿ. ಅಂಟು ಹಸಿ ಇತ್ತು, ಒಂದು ತುದಿಯ ಟೊಪ್ಪಿಗಿ ಸರಕ್ನ ಜರಗಿ ತಿರುಗಿತು. ತಿರುಗಿದ ಮ್ಯಾಗೂ ಮೂಲಿಗೆ ಮೂಲಿ, ಅಂಚಿಗೆ ಅಂಚು ಕೂತವು. ಅಂದ್ರ ಇದೂ ಒಂದು ಐತಿ ಅಂತ ಬಿಟ್ನಿ."

ನನಗೆ ಯಾಕೆ ಹೇಳಲಿಲ್ಲ ಎಂದು ಕೇಳಿದೆ. ಹೇಳಬೇಕೆಂದೇ ನಿಂತಿದ್ದನಂತೆ. ನಾನು ಎಣಿಸಿ ಬರೋಬ್ಬರಿ ಎಂದ ಮೇಲೆ, ಓದಿದವರಿಗೆ ಗೊತ್ತಿರುತ್ತದೆ ಎಂದು ಸುಮ್ಮನಾದನಂತೆ.

ಇದೂ ಒಂದು ಐತಿ ಎಂಬ ಮಾತು ತಲೆಯಲ್ಲಿ ಕೊರೆಯತೊಡಗಿತು. ಮರುದಿನ ಹೊಸ ಶಿಕ್ಷಕಿಯನ್ನು ಕೂಡಿಸಿಕೊಂಡು ಕಂಪ್ಯೂಟರಿನಲ್ಲಿ ಹುಡುಕಿಸಿದೆ. ಪಟ್ಟಿ ಸಿಕ್ಕಿತು. ಮುಖಗಳೆಲ್ಲ ನಿಯಮಿತ ಬಹುಭುಜಗಳಾಗಿರುವ ಉಬ್ಬು ಘನಗಳು ಎಷ್ಟಿವೆ ಎಂದು ಯಾರೋ ಪೂರ್ತಿ ಎಣಿಸಿಟ್ಟಿದ್ದರು. ನಾವು ಪಾಠ ಮಾಡುವ ಐದು. ಮೌನೇಶಪ್ಪನಿಗೆ ನಾನು ಚಿತ್ರ ಕೊಟ್ಟ ಜಾತಿಯವು ಹದಿಮೂರು. ಕಂಬದಂಥ ಎರಡು ಕುಲಗಳು, ಅವಕ್ಕೆ ಕೊನೆಯೇ ಇಲ್ಲ. ಇವನ್ನೆಲ್ಲ ಬಿಟ್ಟು ಮತ್ತೆ ತೊಂಬತ್ತೆರಡು. ತೊಂಬತ್ತೆರಡು ಎಂದು ಎರಡು ಸಲ ಓದಿಸಿದೆ. ನಾನು ಕನ್ನಡ ಸಾಲಿಗೆ ಪಾಟಿ ಹಿಡಿದುಕೊಂಡು ಹೋಗುತ್ತಿದ್ದ ಕಾಲಕ್ಕೇ ಆ ಪಟ್ಟಿ ಮುಗಿದಿತ್ತು. ಮೂವತ್ತೆರಡು ವರ್ಷ ಪಾಠ ಮಾಡಿದವಳಿಗೆ ಅದು ಇದೆಯೆಂದೇ ಗೊತ್ತಿರಲಿಲ್ಲ.

ಮೂವತ್ತೇಳನೆಯದು ಮೌನೇಶಪ್ಪನ ತಿರುಗಿದ ಟೊಪ್ಪಿಗೆ. ಆತ ಮಾಡಿದಂತೆಯೇ. ಹೊಸ ಶಿಕ್ಷಕಿ ಖುಷಿಯಿಂದ ಪಟ್ಟಿಯ ಮೇಲಿನಿಂದ ಒಂದೊಂದೇ ಚಿತ್ರ ತೆರೆಯುತ್ತ ಬಂದಳು. ಹನ್ನೆರಡನೆಯದನ್ನು ತೆರೆದಾಗ ನಾನು ಕುರ್ಚಿಯ ಕೈ ಹಿಡಿದುಕೊಂಡೆ. ನಾಲ್ಕು ಮುಖದ ಎರಡು ಘನ, ಬುಡಕ್ಕೆ ಬುಡ. ಆರು ತ್ರಿಭುಜ. ಹದಿಮೂರನೆಯದು ಹತ್ತು ತ್ರಿಭುಜದ್ದು. ಬರೀ ಸಮಬಾಹು ತ್ರಿಭುಜಗಳಿಂದ ಆಗುವವು ಒಟ್ಟು ಎಷ್ಟು ಎಂದು ಕೇಳಿದೆ. ಹುಡುಕಿ, ಎಂಟು ಎಂದಳು. ನನ್ನ ಉತ್ತರ ಮೂರು. ಆ ಹುಡುಗಿ ಐದು ಬರೆದು, ಇನ್ನೂ ಇರಬಹುದು ಎಂದಿದ್ದಳು.

ಏನಾತ್ರಿ ಟೀಚರ್ ಎಂದು ಹೊಸ ಶಿಕ್ಷಕಿ ನೀರು ತರಲು ಎದ್ದಳು.

ರಜೆ ಹಾಕಿ ರೋಣಕ್ಕೆ ಹೋದೆ. ಹಳೆಯ ಉತ್ತರಪತ್ರಿಕೆಗಳು ಯಾವಾಗಲೋ ರದ್ದಿಗೆ ಹೋಗಿದ್ದವು. ದಾಖಲಾತಿ ಪುಸ್ತಕ ಇತ್ತು. ಶಿವಲೀಲಾ, ತಂದೆ ಬಸಪ್ಪ, ಅಸೂಟಿ. ಎದುರಿಗೆ, ನಾಪಾಸಾಗಿ ಸಾಲಿ ಬಿಟ್ಟಿದ್ದಾಳೆ ಎಂಬ ಷರಾ. ಕಚೇರಿಯ ಗುಮಾಸ್ತರು ಅಸೂಟಿಯವರೇ. ಆ ಹುಡುಗಿಯನ್ನು ಗಜೇಂದ್ರಗಡದ ನೇಕಾರರ ಮನೆಗೆ ಕೊಟ್ಟಿದ್ದಾರಲ್ಲ, ನಿಮ್ಮ ಸಾಲಿ ಹಿಂದಿನ ಓಣಿಯಲ್ಲೇ ಇದ್ದಾಳೆ ಎಂದರು. ನಾನು ನಂಬಲಿಲ್ಲ. ಮತ್ತೊಮ್ಮೆ ಕೇಳಿದೆ. ಅದೇ ಉತ್ತರ. ಎಷ್ಟು ವರ್ಷ ನಾನು ಆ ಓಣಿಯಿಂದಲೇ ಬಸ್ ಸ್ಟ್ಯಾಂಡಿಗೆ ನಡೆದಿದ್ದೆ.

ದೀಪಾವಳಿಗೆ ಇನ್ನು ಎರಡು ವಾರ ಇತ್ತು. ಶಿವಲೀಲಾ ಮನೆಯ ಕಟ್ಟೆಯ ಮೇಲೆ ಕೂತು ಬಿದಿರಿನ ಕಡ್ಡಿಗಳಿಂದ ಆಕಾಶಬುಟ್ಟಿ ಕಟ್ಟುತ್ತಿದ್ದಳು. ಒಳಗೆ ಮಗ್ಗದ ಸದ್ದು. ನನ್ನನ್ನು ಕಂಡು ಎದ್ದು ನಿಂತು, ಬರ್ರಿ ಟೀಚರ್ ಎಂದಳು. ಹೊಸಬರನ್ನು ಕರೆದ ಹಾಗೆ ಕರೆಯಲಿಲ್ಲ. ನಾನು ಇಲ್ಲಿರುವುದು ಗೊತ್ತಿತ್ತೇ ಎಂದು ಕೇಳಿದೆ. ದಿನಾ ನೋಡುತ್ತಿದ್ದೆ, ಬಾಗಿಲ ಮರೆಗೆ ಸರಿದು ನಿಲ್ಲುತ್ತಿದ್ದೆ ಎಂದಳು.

ನಾನು ಬಂದ ವಿಷಯವನ್ನು ನಿಂತೇ ಹೇಳಿದೆ. ಆಕೆಯ ಉತ್ತರ ಸರಿ ಇತ್ತು, ಅಂಥ ಘನಗಳು ಒಟ್ಟು ಎಂಟು. ನಾನೇ ತಪ್ಪು. ಪ್ರಶ್ನೆಯಲ್ಲೂ ತಪ್ಪು, ತಿದ್ದಿದ್ದರಲ್ಲೂ ತಪ್ಪು. ನನಗೆ ಆಗ ಗೊತ್ತಿರಲಿಲ್ಲ, ಗೊತ್ತಾದದ್ದು ಮೊನ್ನೆ. ಆಕೆ ಅಳುತ್ತಾಳೆ ಅಂದುಕೊಂಡಿದ್ದೆ, ಇಲ್ಲವೇ ಬೈಯುತ್ತಾಳೆ. ಎರಡೂ ಆಗಲಿಲ್ಲ. ಕೈಯಲ್ಲಿದ್ದ ಬಿದಿರಿನ ಕಡ್ಡಿಯನ್ನು ಕೆಳಗಿಟ್ಟಳು.

"ನಿಮಗ ಗೊತ್ತಿರಲಿಲ್ಲೇನ್ರಿ?" ಎಂದಳು. "ನಾ ಹಂಗ ಒಂದ ದಿನಾನೂ ಅಂದ್ಕೊಂಡಿಲ್ರಿ. ಟೀಚರಿಗೆ ಗೊತ್ತಿರಲಾರದ ಹ್ಯಾಂಗ ಇರತೈತಿ. ಗೊತ್ತಿದ್ದೂ ಅಡ್ಡಗೆರಿ ಹೊಡದಾರ ಅಂದ್ಕೊಂಡಿದ್ನಿ. ನಾ ಪಾಸಾಗೂದು ಬ್ಯಾಡಾಗಿತ್ತು ನಿಮಗ ಅಂತ."

ನಾನು ಕಟ್ಟೆಯ ಮೇಲೆ ಕೂತೆ. ದಡ್ಡತನದಿಂದ ನಾನು ಮಾಡಿದ್ದು ಅಷ್ಟು ವರ್ಷ ಆಕೆಯ ಮನಸ್ಸಿನಲ್ಲಿ, ದ್ವೇಷದಿಂದ ಮಾಡಿದ್ದು ಎಂದು ಉಳಿದಿತ್ತು. ಟೀಚರಿಗೆ ನಾನು ಏನು ಮಾಡಿದ್ದೆ ಎಂದು ಆಕೆ ಯೋಚಿಸಿದ್ದಳಂತೆ. ಬಹಳ ದಿನ ಸಾಲಿ ತಪ್ಪಿಸಿದ್ದಕ್ಕೋ, ಹರಕು ನೋಟುಬುಕ್ಕಿಗೋ, ಇಲ್ಲ ಮುಖವೇ ಸೇರಲಿಲ್ಲವೋ ಎಂದು ಒಂದೊಂದೇ ಕಾರಣ ಹುಡುಕಿ ನೋಡಿದ್ದಳಂತೆ. ಟೀಚರೇ ದಡ್ಡಿ ಎಂಬ ಕಾರಣ ಮಾತ್ರ ಆಕೆಗೆ ಹೊಳೆದಿರಲಿಲ್ಲ. ಟೀಚರ್ ಬಗ್ಗೆ ಅಷ್ಟು ನಂಬಿಕೆ.

ಈಗ ನಾನೇನು ಮಾಡಲಿ ಎಂದು ಕೇಳಿದೆ. ಹೊರಗಿನಿಂದ ಪರೀಕ್ಷೆ ಕಟ್ಟಬಹುದು, ನಾನೇ ಕೂತು ಹೇಳಿಕೊಡುತ್ತೇನೆ ಎಂದೆ. ತಲೆ ಅಲ್ಲಾಡಿಸಿದಳು. ಪರೀಕ್ಷೆ ಬೇಡ. ಒಂದೇ ಕೆಲಸ ಇದೆ, ನಮ್ಮಪ್ಪನಿಗೆ ಈ ಮಾತು ಹೇಳಬೇಕು, ನಿಮ್ಮ ಬಾಯಿಂದಲೇ ಎಂದಳು. ಯಾರಾದರೂ ಮನೆಗೆ ಬಂದಾಗ ಅಪ್ಪ ಇವತ್ತಿಗೂ, ಇಕಿಗೆ ಗಣಿತ ಹತ್ತಲಿಲ್ಲ, ಅದಕ್ಕೆ ಬಿಡಿಸಿದೆ ಎಂದು ಹೇಳುತ್ತಾನಂತೆ.

ರವಿವಾರ ಇಬ್ಬರೂ ಬಸ್ಸಿನಲ್ಲಿ ಅಸೂಟಿಗೆ ಹೋದೆವು. ದಾರಿಯಲ್ಲಿ ಆಕೆ, ಉಳಿದ ಮೂರು ಯಾವುವು ಎಂದು ಕೇಳಿದಳು. ಹನ್ನೆರಡು, ಹದಿನಾಲ್ಕು, ಹದಿನಾರು ಮುಖದ್ದು ಎಂದೆ. ಕಿಟಕಿಯ ಕಡೆ ತಿರುಗಿ ಬೆರಳು ಮಡಿಸುತ್ತ ಏನೋ ಲೆಕ್ಕ ಹಾಕಿದಳು. ಆಮೇಲೆ, ಹದಿನಾಲ್ಕಿಂದು ಗೊತ್ತಾತ್ರಿ ಎಂದಳು. ಒಂಬತ್ತನೇ ತರಗತಿ ಬಿಟ್ಟವಳು ಬಸ್ಸಿನ ಕಿಟಕಿಯ ಪಕ್ಕ ಕೂತು, ಕಡ್ಡಿಯೂ ಇಲ್ಲದೆ ಅದನ್ನು ಕಣ್ಣೆದುರು ಕಟ್ಟಿಕೊಂಡಿದ್ದಳು. ನನಗೆ ಚಿತ್ರ ನೋಡಿಯೂ ಎರಡು ದಿನ ಹಿಡಿದಿತ್ತು.

ಬಸಪ್ಪ ಬಾಗಿಲ ಮುಂದೆ ಹಗ್ಗ ಹೊಸೆಯುತ್ತಿದ್ದರು. ಟೀಚರು ಬಂದಿದ್ದಾರೆಂದು ಕಂಬಳಿ ಹಾಸಿದರು. ನಾನು ಕೂಡಲಿಲ್ಲ. ನಿಮ್ಮ ಮಗಳ ಉತ್ತರ ಸರಿ ಇತ್ತು, ಆಕೆ ನಾಪಾಸಾಗಿರಲಿಲ್ಲ, ತಪ್ಪು ನನ್ನದು ಎಂದೆ. ಅವರಿಗೆ ತಿಳಿಯಲಿಲ್ಲ. ಮತ್ತೆ ಹೇಳಿದೆ. ಎರಡನೇ ಸಲ ತಿಳಿಯಿತು. ಕೈಯಲ್ಲಿನ ಹಗ್ಗ ಹಾಗೇ ನಿಂತಿತು.

"ಅವತ್ತ ನಾ ಇಕಿಗೆ ಹೊಡದಿದ್ನಿರಿ," ಎಂದರು. "ಅದ ಮೊದಲು, ಅದ ಕಡೀಕ. ಬಸ್ಸಿನ ರೊಕ್ಕಾ ತಿಂದು ಆಟಾ ಆಡಿ ಬಂದಾಳ ಅಂತ ತಿಳದು ಹೊಡದ್ನಿ."

ಅವರು ಮಗಳ ಕಡೆ ತಿರುಗಿದರು. ದನಿ ಏರಿಸಲಿಲ್ಲ.

"ಬರೋಬ್ಬರಿ ಬರದೀನಿ ಅಂತ ನೀ ಯಾಕ ಹೇಳಲಿಲ್ಲವ್ವಾ?"

ಶಿವಲೀಲಾ ಸೆರಗಿನ ಅಂಚನ್ನು ಬೆರಳಿಗೆ ಸುತ್ತಿಕೊಂಡು ನಿಂತಿದ್ದಳು.

"ಅವತ್ತ ಹೇಳಿದ್ನಿ ಯಪ್ಪಾ," ಎಂದಳು.